ಮೂರನೇ ಸೀನಿನಲ್ಲಿ ಸಾಯುವ ತಾಯಿ

ಮುಖಕ್ಕೆ ಹಚ್ಚಿದ ಬಣ್ಣ ಕೊಬ್ಬರಿ ಎಣ್ಣೆಯಲ್ಲಿ ಕರಗುವಾಗ ಒಂದು ವಾಸನೆ ಬರುತ್ತದೆ. ಸ್ವಲ್ಪ ಸಿಹಿ, ಸ್ವಲ್ಪ ಕಮಟು. ಹೋದ ವಾರ ಕಾರಟಗಿಯ ಶಾಲೆಯೊಂದರ ಜಗಲಿಯ ಮೇಲೆ ಕೂತು ಹತ್ತು ವರ್ಷದ ಹುಡುಗಿಯ ಮುಖ ಒರೆಸುತ್ತಿದ್ದಾಗ ಆ ವಾಸನೆ ಮೂಗಿಗೆ ಬಡಿಯಿತು. ಬಡಿದದ್ದೇ ತಡ, ನನ್ನ ಎದೆ ಹೊಡೆದುಕೊಳ್ಳತೊಡಗಿತು. ಹುಡುಗಿ ಶಾಲೆಯ ನಾಟಕದಲ್ಲಿ ಮುದುಕಿಯ ಪಾತ್ರ ಮಾಡಿ ಇಳಿದು ಬಂದಿದ್ದಳು. ಹೆದರುವಂಥದ್ದು ಅದರಲ್ಲಿ ಏನೂ ಇರಲಿಲ್ಲ. ಆದರೆ ಪಕ್ಕದಲ್ಲಿ ಆ ಹುಡುಗಿಯ ತಂದೆಯ ತಾಯಿ, ಅಂದರೆ ನನ್ನ ಬೀಗತಿ, ಕೂತಿದ್ದರು. ಹನ್ನೆರಡು ವರ್ಷಗಳಿಂದ ಆ ಹೆಂಗಸಿನ ಪಕ್ಕದಲ್ಲಿ ಕೂತಾಗಲೆಲ್ಲ ನನಗೆ ಹೀಗೇ ಆಗುತ್ತಿತ್ತು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವವರ ಸಾಲಿನಲ್ಲಿ ನಾನೇ ಮೊದಲು.

ಆ ವಾಸನೆ ನನಗೆ ಪರಿಚಯವಾದದ್ದು ಕುಷ್ಟಗಿಯಲ್ಲಿ, ಬಾಜೂ ಮನೆಯ ಅಕ್ಕನಿಂದ. ನಾನು ಮದುವೆಯಾಗಿ ಆ ಓಣಿಗೆ ಬಂದ ಹೊಸತು. ಬೆಳಗಿನ ಮೊದಲ ಬಸ್ಸಿಗೆ ಬಂದಿಳಿಯುತ್ತಿದ್ದ ಒಬ್ಬ ಎತ್ತರದ ಹೆಂಗಸು ನೇರ ನಮ್ಮ ಹಿತ್ತಲಿಗೆ ಬಂದು, ಅರಿವೆ ಒಗೆಯುವ ಕಲ್ಲಿನ ಮೇಲೆ ಕೂತು, ಕಿವಿಯ ಹಿಂದೆ ಉಳಿದ ಬಣ್ಣವನ್ನು ಎಣ್ಣೆ ಅರಿವೆಯಿಂದ ತಿಕ್ಕುತ್ತಿದ್ದಳು. ಅವಳ ಮನೆಗೆ ನಲ್ಲಿ ಇರಲಿಲ್ಲ, ನಮಗಿತ್ತು. ಮೊದಮೊದಲು ನನಗೆ ಮುಜುಗರವಾಗುತ್ತಿತ್ತು. ಆಮೇಲೆ ಅವಳು ಬರುವ ಹೊತ್ತಿಗೆ ಚಾ ಇಡುವುದು ರೂಢಿಯಾಯಿತು.

ಅವಳು ನಾಟಕದವಳು. ನಮ್ಮ ಕಡೆ ಹಳ್ಳಿಗಳಲ್ಲಿ ಊರ ಗಂಡಸರೇ ಕೂಡಿ ನಾಟಕ ಆಡುತ್ತಾರೆ. ಗಂಡು ಪಾತ್ರಗಳಿಗೆ ನಾ ಮುಂದು ತಾ ಮುಂದು. ಹೆಣ್ಣು ಪಾತ್ರಕ್ಕೆ ಮಾತ್ರ ಹೊರಗಿನಿಂದ ಕಲಾವಿದೆಯರನ್ನು ಕರೆಸಬೇಕು: ಒಬ್ಬಳು ನಾಯಕಿ, ಒಬ್ಬಳು ಹಾಸ್ಯದವಳು, ಒಬ್ಬಳು ತಾಯಿ. ಅಕ್ಕ ತಾಯಿ. ಇಪ್ಪತ್ತೆರಡನೇ ವಯಸ್ಸಿಗೇ ತಾಯಿ. ಸಣ್ಣವಳಿದ್ದಾಗ ಯಾವುದೋ ನಾಟಕ ಕಂಪನಿಯ ಕ್ಯಾಂಪಿನಲ್ಲಿ ಬೆಳೆದು, ನಾಯಕಿಯಾಗುವ ಕನಸು ಕಂಡವಳಂತೆ. ಮೈ ಬೆಳೆಯಿತು, ಹೀರೋಗಳಿಗಿಂತ ಒಂದು ಗೇಣು ಎತ್ತರ ಆದಳು, ಅಲ್ಲಿಗೆ ಮುಗಿಯಿತು. ನಲವತ್ತು ದಾಟಿದ, ಮೀಸೆಗೆ ಕರಿ ಬಳಿದುಕೊಂಡ ಗೌಡರೊಬ್ಬರು ಇವಳ ಕಾಲಿಗೆ ಬಿದ್ದು "ಹಡದವ್ವಾ" ಎಂದು ಅತ್ತದ್ದನ್ನು ಮಾಡಿ ತೋರಿಸುತ್ತಿದ್ದಳು. ನಾನು ಚಾ ಬಟ್ಟಲು ಕೆಳಗಿಟ್ಟು ನಗುತ್ತಿದ್ದೆ.

ಆ ನಾಟಕಗಳಲ್ಲಿ ತಾಯಿ ಮೂರನೇ ಸೀನಿಗೆ ಸಾಯಬೇಕು. ಆಕೆ ಸಾಯದಿದ್ದರೆ ಮಗ ಊರು ಬಿಡುವುದಿಲ್ಲ, ಸೇಡಿನ ಮಾತು ಬರುವುದಿಲ್ಲ, ಕತೆ ಮುಂದೆ ಹೋಗುವುದಿಲ್ಲ. ಹೀಗೆ ಅಕ್ಕ ಎಲಬುರ್ಗಾ ಕಡೆಯ ಮಂಗಳೂರೆಂಬ ಹಳ್ಳಿಯಿಂದ ಹಿಡಿದು ಗಂಗಾವತಿಯ ಆಚೆಯ ಸಿದ್ದಾಪುರದವರೆಗೆ ಊರೂರಲ್ಲಿ ಸತ್ತಿದ್ದಳು. ಸತ್ತ ಮೇಲೆ ಪರದೆಯ ಹಿಂದೆ ಕೂತು ನಾಯಕಿಗೆ ಸೀರೆಯ ನೆರಿಗೆ ಹಿಡಿಯುತ್ತಿದ್ದಳಂತೆ.

ಅವಳಿಗೆ ಓದು ಅಷ್ಟಕ್ಕಷ್ಟೇ. ಹೊಸ ನಾಟಕ ಒಪ್ಪಿಕೊಂಡರೆ ಪುಸ್ತಕ ತಂದು ನನ್ನ ಕೈಗೆ ಕೊಡುತ್ತಿದ್ದಳು. ನಾನು ತಾಯಿಯ ಮಾತು ಓದಬೇಕು, ಅವಳು ರೊಟ್ಟಿ ಬಡಿಯುತ್ತ ಅದನ್ನು ಹೇಳಬೇಕು. ಒಂದು ರೊಟ್ಟಿಗೆ ಎರಡು ಮಾತು. ಬುಟ್ಟಿ ತುಂಬುವ ಹೊತ್ತಿಗೆ ಪಾತ್ರ ಬಾಯಿಗೆ ಬಂದಿರುತ್ತಿತ್ತು. ನನಗೂ ಬಂದಿರುತ್ತಿತ್ತು. ಕಂಪನಿಯಲ್ಲಿ ಕಲಿತ ಒಂದು ಪಾಠವನ್ನು ಅವಳು ಮನೆಯಲ್ಲೂ ಬಿಡುತ್ತಿರಲಿಲ್ಲ. ಜನರಿಗೆ ಬೆನ್ನು ತೋರಿಸಬಾರದು. ರಂಗದಿಂದ ಹೋಗುವಾಗ ಮುಖ ಜನರ ಕಡೆಗೇ ಇಟ್ಟು, ಹಿಂದಕ್ಕೆ ಹೆಜ್ಜೆ ಇಡುತ್ತ ಪರದೆಯ ಸಂದಿಗೆ ಸರಿಯಬೇಕು. ನನ್ನ ಅಡುಗೆ ಮನೆಯಿಂದಲೂ ಹಾಗೆಯೇ ಹೊರಡುತ್ತಿದ್ದಳು. ಮಾತು ಮುಗಿಸುತ್ತ, ನನ್ನ ಮುಖ ನೋಡುತ್ತ, ಹಿಂದೆ ಹಿಂದೆ. ಹೊಸ್ತಿಲು ಬಂದರೆ ನೋಡದೆಯೇ ಕಾಲೆತ್ತುತ್ತಿದ್ದಳು. "ಬೀಳ್ತಿ ಅಕ್ಕಾ" ಎಂದು ನಾನು ಎಷ್ಟೋ ಸಲ ಕೂಗಿದ್ದೇನೆ. ಒಮ್ಮೆಯೂ ಬೀಳಲಿಲ್ಲ.

ಅವಳಿಗೊಬ್ಬ ಮಗಳು. ಹುಡುಗಿಯ ತಂದೆ ಕಂಪನಿಯ ತಬಲಾದವನು, ಕ್ಯಾಂಪು ಎತ್ತಿದಾಗ ಅದರೊಂದಿಗೆ ಹೋದವನು ತಿರುಗಿ ಬರಲಿಲ್ಲ. ತಾಯಿ ನಾಟಕಕ್ಕೆ ಹೋದ ದಿನ ಹುಡುಗಿ ನಮ್ಮಲ್ಲೇ ಉಂಡು ನಮ್ಮಲ್ಲೇ ಮಲಗುತ್ತಿದ್ದಳು, ನನಗೆ ಚಿಗವ್ವ, ಅಂದರೆ ಚಿಕ್ಕಮ್ಮ, ಅನ್ನುತ್ತಿದ್ದಳು. ನನಗೆ ಎರಡು ಗಂಡುಮಕ್ಕಳು, ಹೆಣ್ಣಿಲ್ಲ. ಆ ಹುಡುಗಿಗೆ ಜಡೆ ಹಾಕುವಾಗ ನನಗೆ ಆಗುತ್ತಿದ್ದ ಸಂತೋಷವನ್ನು ಆಗ ಯಾರಿಗೂ ಹೇಳಿರಲಿಲ್ಲ. ಈಗ ಹೇಳುತ್ತೇನೆ, ಏಕೆಂದರೆ ಮುಂದೆ ಆದದ್ದರಲ್ಲಿ ಅದರ ಪಾಲೂ ಇದೆ.

ಹುಡುಗಿ ಕೊಪ್ಪಳದ ಹಾಸ್ಟೆಲಿನಲ್ಲಿದ್ದು ಓದಿ, ಶಿಕ್ಷಕಿಯ ತರಬೇತಿ ಮುಗಿಸಿದಳು. ಕಾರಟಗಿಯಿಂದ ಒಂದು ಸಂಬಂಧ ಬಂತು. ಹುಡುಗ ಅಕ್ಕಿ ಗಿರಣಿಯಲ್ಲಿ ಲೆಕ್ಕ ಬರೆಯುವ ಕೆಲಸದವನು, ಛಲೋ ಮನೆತನ. ಅವನಿಗೆ ಹುಡುಗಿ ಒಪ್ಪಿಗೆಯಾಗಿದ್ದಳು, ಹುಡುಗಿಗೂ ಅವನು. ಆದರೆ ಹುಡುಗನ ತಂದೆ ಮೊದಲೇ ಹೇಳಿ ಕಳಿಸಿದ್ದರು: "ನಮಗ ಬಂಗಾರ ಬ್ಯಾಡ್ರಿ, ಏನೂ ಬ್ಯಾಡ್ರಿ. ಮನೆತನದ ಮ್ಯಾಲ ಒಂದ ಮಾತ ಬರಬಾರ್ದು." ನಾಟಕದವಳ ಮಗಳೆಂದರೆ ನಮ್ಮ ಕಡೆ ಒಂದು ಮಾತಲ್ಲ, ಹತ್ತು ಮಾತು ಬರುತ್ತವೆ.

ಅಕ್ಕ ಎರಡು ದಿನ ನಮ್ಮ ಕಡೆ ಬರಲಿಲ್ಲ. ಮೂರನೆಯ ದಿನ ರೊಟ್ಟಿ ಬಡಿಯುತ್ತಿದ್ದ ನನ್ನ ಎದುರು ಬಂದು ಕೂತಳು.

"ನಿನ್ನ ಅಕ್ಕನ ಮಗಳು ಅಂತ ಹೇಳು. ಅಕ್ಕ ಸತ್ತು ಭಾಳ ವರ್ಷ ಆತು, ನಾನ ಸಾಕೀನಿ ಅನ್ನು."

ಬಿಡ್ತು ಅನ್ನು ಅಂದೆ. ಅವಳು ನಕ್ಕಳು. "ತಂಗಿ, ಎಷ್ಟ ಊರಾಗ ಸತ್ತೀನಿ ನಾನು. ಇದೊಂದ ಸಲ ನಿನ್ನ ಮನ್ಯಾಗ ಸಾಯ್ತೀನಿ. ನೀ ಅಂಜಬ್ಯಾಡ."

ಸಾವಿರ ಸುಳ್ಳು ಹೇಳಿ ಒಂದು ಮದುವೆ ಮಾಡು ಅನ್ನುತ್ತಾರೆ. ನಾವು ಹೇಳಬೇಕಿದ್ದದ್ದು ಒಂದೇ. ಅದೂ ಪೂರ್ತಿ ಸುಳ್ಳಲ್ಲ, ನಾನು ಅವಳಿಗೆ ಅಕ್ಕ ಅನ್ನುತ್ತಿದ್ದೆನಲ್ಲ ಎಂದು ನನ್ನನ್ನು ನಾನೇ ಸಮಾಧಾನ ಮಾಡಿಕೊಂಡೆ. ನಾವಿಬ್ಬರೂ ಒಂದೇ ಜಾತಿಯವರಾದ್ದರಿಂದ ಮಾತು ನಿಲ್ಲುವಂತಿತ್ತು. ನನ್ನ ಗಂಡ ತಲೆ ಕೆರೆದುಕೊಂಡು ಒಪ್ಪಿದರು, ಓಣಿಯವರೂ ಬಾಯಿ ಬಿಡುವುದಿಲ್ಲ ಅಂದರು. ಒಪ್ಪದವಳು ಮಗಳು. "ನಾ ಲಗ್ನಾನ ಆಗೂದಿಲ್ಲ" ಎಂದು ಒಂದು ಹೊತ್ತು ಊಟ ಬಿಟ್ಟಳು. ಅಕ್ಕ ಅವಳ ಕೈಯನ್ನು ತನ್ನ ತಲೆಯ ಮೇಲೆ ಇಡಿಸಿ ಆಣೆ ಹಾಕಿಸಿಕೊಂಡಳು. ಗಂಡನಿಗೂ ಹೇಳಕೂಡದು, ತಾನು ಇರುವ ತನಕ ಹೇಳಕೂಡದು ಎಂದು.

ನನಗಿದ್ದ ದೊಡ್ಡ ಭಯ ಬೇರೆ. ಕಾರಟಗಿ, ಸಿದ್ದಾಪುರ ಎಲ್ಲ ಕಡೆ ಅವಳು ಪಾತ್ರ ಮಾಡಿದವಳು. ಯಾರಾದರೂ ಗುರುತು ಹಿಡಿದರೆ? ಕೇಳಿದ್ದಕ್ಕೆ ಅವಳು ಹಿಟ್ಟಿನ ಕೈ ಜಾಡಿಸಿದಳು. "ನಾಯಕಿ ಮಾರಿ ನೆನಪಿಡ್ತಾರ. ತಾಯಿ ಮಾರಿ ಯಾರ್ ನೆನಪಿಡ್ತಾರ? ಮೂರನೇ ಸೀನಿಗೆ ಹೋಗಿಬಿಡ್ತೀನಲ್ಲ." ಅದನ್ನು ಧೈರ್ಯ ಹೇಳುವ ದನಿಯಲ್ಲೇ ಹೇಳಿದಳು.

ಬೀಗರು ಬರುವ ಮುಂಚೆ ನನಗೆ ತಾಲೀಮು ನಡೆಯಿತು. ಅಷ್ಟು ವರ್ಷ ನಾನು ಅವಳಿಗೆ ಮಾತು ಓದಿ ಹೇಳಿದ್ದೆ. ಈಗ ಅವಳು ನನಗೆ ಕಲಿಸಿದಳು. ಸತ್ತ ಅಕ್ಕನ ಬಗ್ಗೆ ಕೇಳಿದ ಕೂಡಲೇ ಉತ್ತರ ಕೊಡಬಾರದು, ಒಂದು ಉಸಿರು ತಡೆದು ಕೊಡಬೇಕು. ಕಣ್ಣು ಒರೆಸಿಕೊಳ್ಳಬಾರದು, ಅದು ಹೆಚ್ಚಾಗುತ್ತದೆ. ಸೆರಗಿನ ತುದಿ ಹಿಡಿದರೆ ಸಾಕು. ಹುಡುಗನ ತಂದೆಯ ಮಾತನ್ನು ಅವಳೇ ಹೇಳಿ, ನನ್ನ ಕೈಲಿ ಉತ್ತರ ಹೇಳಿಸಿ, ತಪ್ಪಿದರೆ ಮತ್ತೆ ಮೊದಲಿನಿಂದ. ಅವಳ ಸಾವಿನ ಸುದ್ದಿಯನ್ನು ಅವಳ ಎದುರಿಗೇ ಹೇಳುವಾಗ ಮಾತು ಅರ್ಧಕ್ಕೇ ತುಂಡಾಗುತ್ತಿತ್ತು. "ಅದ ಛಲೋ ಬಂತು, ಅದನ್ನ ಇಟ್ಕೊ" ಅನ್ನುತ್ತಿದ್ದಳು.

ಆ ದಿನ ಬಂತು. ಪಡಸಾಲೆಯಲ್ಲಿ ಐದು ಜನ ಬೀಗರು ಚಾಪೆಯ ಮೇಲೆ ಕೂತಿದ್ದರು. ನಾನು ಕಲಿತ ಮಾತನ್ನೆಲ್ಲ ಹೇಳಿದೆ, ಉಸಿರು ತಡೆದೆ, ಸೆರಗು ಹಿಡಿದೆ. ಎಲ್ಲ ಸರಿಯಾಗಿಯೇ ನಡೆದಿತ್ತು. ಮಂಡಕ್ಕಿಯ ಸುಸಲಾ ತಿಂದಾಯಿತು. ಬಾಜೂ ಮನೆಯ ಹೆಂಗಸಾಗಿ ಅಕ್ಕ ಚಾದ ತಾಟು ಹಿಡಿದು ಒಳಗೆ ಬಂದಳು, ತಲೆ ತುಂಬ ಸೆರಗು ಹೊದ್ದು, ಬೆನ್ನು ಬಾಗಿಸಿ ಎತ್ತರ ಮುಚ್ಚಿಕೊಂಡು. ಎಲ್ಲರ ಮುಂದೆ ಬಟ್ಟಲು ಇಟ್ಟಳು. ಆಮೇಲೆ ಖಾಲಿ ತಾಟು ಎದೆಗೆ ಹಿಡಿದು, ಮುಖ ಬೀಗರ ಕಡೆಗೇ ಇಟ್ಟು, ಹಿಂದಕ್ಕೆ ಒಂದು ಹೆಜ್ಜೆ ಇಟ್ಟಳು. ಎರಡನೆಯದು. ಮೂರನೆಯದು. ನನಗೆ ಎಲ್ಲವನ್ನೂ ಕಲಿಸಿದವಳು ತಾನು ಇದೊಂದನ್ನು ಬಿಟ್ಟಿರಲಿಲ್ಲ. ನೋಡದೆ ಹೊಸ್ತಿಲು ದಾಟಿ, ಬಾಗಿಲ ಪರದೆಯ ಸಂದಿಗೆ ಸರಿದು ಮರೆಯಾದಳು. ಥೇಟು ರಂಗದಿಂದ ಹೋದಂತೆ.

ಆಮೇಲೆ ಹುಡುಗನ ತಂದೆ ಚಾ ಹೀರಿ, "ಭಾಳ ಮರ್ಯಾದಸ್ತ ಹೆಣಮಗಳು. ಹಿರೇರಿಗೆ ಬೆನ್ನ ತೋರಸ್ಲಿಲ್ಲ ನೋಡ್ರಿ" ಅಂದರು. ಎಲ್ಲರೂ ಹೌದೌದು ಅಂದರು. ಬೀಗತಿ ಮಾತ್ರ ಇನ್ನೂ ಅಲುಗಾಡುತ್ತಿದ್ದ ಆ ಪರದೆಯನ್ನೇ ನೋಡುತ್ತಿದ್ದರು. ಅವರ ಚಾ ಆರಿ ಹೋಗಿತ್ತು. ಆಗಿನಿಂದ ನನಗೆ ಅವರ ಭಯ ಶುರುವಾಯಿತು.

ಮದುವೆ ಆಯಿತು. ನಾನು ಮತ್ತು ನನ್ನ ಗಂಡ ಧಾರೆ ಎರೆದೆವು. ಹಡೆದವಳು ಅಕ್ಷತೆಯ ತಾಟು ಹಿಡಿದು ಕಂಬದ ಪಕ್ಕ ನಿಂತಿದ್ದಳು. ಫೋಟೋದವನು ಕ್ಯಾಮೆರಾ ಎತ್ತಿದಾಗಲೆಲ್ಲ ಕಂಬದ ಹಿಂದಕ್ಕೆ ಸರಿಯುತ್ತಿದ್ದಳು. ಮದುವೆಯಾದ ಮೇಲೆ ಅವಳು ಕಾರಟಗಿ, ಗಂಗಾವತಿ ಕಡೆಯ ನಾಟಕಗಳನ್ನು ಪೂರ್ತಿ ಬಿಟ್ಟಳು. ಗದ್ದೆಯ ಊರುಗಳವು, ನಾಟಕ ಹೆಚ್ಚು ಆಡುವ ಊರುಗಳು. ಎಲಬುರ್ಗಾ ಕಡೆಯದಕ್ಕೆ ಮಾತ್ರ ಹೋಗುತ್ತಿದ್ದಳು. ಅಲ್ಲಿಯೂ ಹ್ಯಾಂಡ್‌ಬಿಲ್ಲಿನಲ್ಲಿ ತನ್ನ ಫೋಟೋ ಹಾಕಬೇಡಿ ಎಂದು ಹಟ ಹಿಡಿದಳು. ಹ್ಯಾಂಡ್‌ಬಿಲ್ಲಿನಲ್ಲಿ ನಾಯಕಿಯ ಫೋಟೋ ಅಂಗೈಯಷ್ಟು, ತಾಯಿಯದು ಹೆಬ್ಬೆರಳಿನಷ್ಟು. ಆ ಹೆಬ್ಬೆರಳಿನಷ್ಟನ್ನೂ ತೆಗೆಸಿದಳು. ನನಗೆ ಅಷ್ಟಕ್ಕೂ ಸಮಾಧಾನವಿರಲಿಲ್ಲ. ಮನೆಯಲ್ಲಿದ್ದ ಹಳೆಯ ಹ್ಯಾಂಡ್‌ಬಿಲ್ಲುಗಳನ್ನು ಬಚ್ಚಲು ಒಲೆಗೆ ಹಾಕಿಸಿದವಳು ನಾನೇ. ಅವಳು ಒಂದೊಂದಾಗಿ ಹಾಕಿದಳು.

ಪಂಚಮಿಗೆ ಮಗಳು ತವರಿಗೆಂದು ನನ್ನ ಮನೆಗೆ ಬರುತ್ತಿದ್ದಳು. ಅಕ್ಕ ಹಿತ್ತಲ ಬಾಗಿಲಿನಿಂದ ಬಂದು ಎಳ್ಳಿನ, ಶೇಂಗಾದ ಉಂಡಿ ಕಟ್ಟುತ್ತಿದ್ದಳು. ಮಗಳಿಗೆ ಉಡಿ ತುಂಬುವಾಗ ಐದು ಹಿಡಿ ಅಕ್ಕಿಗೆ ಆರು ಹಾಕಿಬಿಡುತ್ತಿದ್ದೆ. ಅಳುಕಿಗೋ ಸಂತೋಷಕ್ಕೋ, ನನಗೇ ಗೊತ್ತಿರಲಿಲ್ಲ. ಚೊಚ್ಚಲ ಹೆರಿಗೆಯೂ ನಮ್ಮಲ್ಲೇ ಆಯಿತು. ಬಾಣಂತಿಗೆ, ಕೂಸಿಗೆ ನೀರು ಎರೆಯುವ ಹೆಂಗಸಾಗಿ ಅಕ್ಕ ಮೂರು ತಿಂಗಳು ನಮ್ಮ ಮನೆಯಲ್ಲೇ ಇದ್ದಳು. ನಾನು ಕಂಡಂತೆ ಅವಳು ಅತ್ಯಂತ ಸುಖವಾಗಿದ್ದ ಮೂರು ತಿಂಗಳು ಅವು. ತೊಟ್ಟಿಲಿಗೆ ಹಾಕುವ ದಿನ ಬೀಗತಿ ಎಲ್ಲರ ಎದುರು ಅವಳನ್ನು ಕರೆದು, "ನೀವು ಹಿರೇರು, ಕೂಸಿನ್ನ ನೀವ ಮೊದಲ ಎತ್ಕೊಳ್ರಿ" ಅಂದರು. ಬೇಕೆಂದೇ ಪರೀಕ್ಷೆ ಮಾಡುತ್ತಿದ್ದಾರೆ ಅನ್ನಿಸಿತು. ಆ ರಾತ್ರಿಯಿಂದ ಎಷ್ಟೋ ದಿನ ಕಾರಟಗಿಯಿಂದ ಫೋನು ಬಂದರೆ ಎತ್ತಲು ಗಂಡನಿಗೆ ಹೇಳುತ್ತಿದ್ದೆ.

ಕೂಸಿಗೆ ಎರಡು ವರ್ಷ ತುಂಬುವ ಹೊತ್ತಿಗೆ ಬೀಗರು, ಆ ಗಟ್ಟಿ ಮನುಷ್ಯ, ತೀರಿಕೊಂಡರು. ಇನ್ನು ಹೇಳಿಬಿಡಬಹುದಲ್ಲ ಎಂದು ಮಗಳು ಕೇಳಿದಳು. ಅಕ್ಕ ನನ್ನ ಮುಖ ನೋಡಿದಳು. ಬೀಗತಿ ಪರದೆ ನೋಡುತ್ತ ಕೂತಿದ್ದ ರೀತಿ ನನ್ನ ಕಣ್ಣಮುಂದೆ ಬಂತು. ಬೇಡ, ಇರುವುದು ಹೀಗೇ ಇರಲಿ, ಮಗಳ ಬಾಳು ಕಲಕಬೇಡ ಅಂದೆ. ಅದು ಮಗಳ ಬಾಳಿನ ಚಿಂತೆಯೋ, ತವರುಮನೆ ಅನ್ನುವ ನನ್ನ ಸ್ಥಾನ ಕೈಬಿಡುವ ಚಿಂತೆಯೋ... ಎರಡೂ ಇದ್ದವು. ಅಕ್ಕ ಎದ್ದಳು. ಎಂದಿನಂತೆ ನನ್ನ ಮುಖ ನೋಡುತ್ತಲೇ ಹಿಂದೆ ಹಿಂದೆ ಹೋದಳು.

ಮತ್ತೆ ಐದು ವರ್ಷ ಹಾಗೆಯೇ ಹೋದವು. ಮೊಮ್ಮಗಳು ಶಾಲೆಯ ಸೂಟಿಗೆ ಬಂದರೆ ಅಕ್ಕನ ಹಿಂದೆಯೇ ಇರುತ್ತಿದ್ದಳು, ಎರೆಯುವ ಅಜ್ಜಿ ಎಂದು ಕರೆಯುತ್ತಿದ್ದಳು. ಅಕ್ಕ ನಾಟಕ ಬಿಟ್ಟಿದ್ದಳು. ಮುದುಕಿಯಾಗಲು ಈಗ ತಲೆಗೆ ಬಿಳಿ ಪೌಡರು ಬೇಡ, ಆದರೆ ಕರೆಯುವವರೇ ಇಲ್ಲ ಎಂದು ನಗುತ್ತಿದ್ದಳು. ಮೂರು ವರ್ಷದ ಹಿಂದೆ ಒಂದು ಬೆಳಿಗ್ಗೆ ಚಾಕ್ಕೆ ಬರಲಿಲ್ಲ. ಹೋಗಿ ನೋಡಿದರೆ ಗೋಡೆಗೆ ಒರಗಿ ಕೂತಂತೆಯೇ ಹೋಗಿಬಿಟ್ಟಿದ್ದಳು.

ಬಾಜೂ ಮನೆಯ ಅಜ್ಜಿ ತೀರಿಕೊಂಡಳೆಂದು ಮಗಳಿಗೆ ಸುದ್ದಿ ಕಳಿಸಿದೆವು. ಬೀಗತಿಯೂ ಜೊತೆಗೆ ಬಂದರು. ಮಗಳು ಬಾಯಿಗೆ ಸೆರಗು ತುರುಕಿಕೊಂಡು ಬಾಗಿಲ ಹತ್ತಿರ ನಿಂತಿದ್ದಳು. ಆಣೆ ತೀರಿದ್ದರೂ ಅವಳ ಕಾಲು ಮುಂದೆ ಬರುತ್ತಿರಲಿಲ್ಲ. ಬೀಗತಿಯೇ ಅವಳ ಬೆನ್ನಿಗೆ ಕೈ ಹಾಕಿ ಮುಂದೆ ತಳ್ಳಿದರು. "ಹೋಗವ್ವ, ಕಾಲ ಹಿಡದ ಅಳು. ಸಣ್ಣಾಕಿದ್ದಾಗಿಂದ ನೋಡಿದಾಕಿ ಅಲ್ಲನು, ಬಾಯಿ ಬಿಟ್ಟ ಅಳು."

ಅಷ್ಟರಲ್ಲಿ ನಾಟಕದವರು ಬಂದರು. ಹಾರ್ಮೋನಿಯಂ ಪೇಟಿ ನುಡಿಸುವ ಮುದಿ ಮಾಸ್ತರರು, ಇಬ್ಬರು ಕಲಾವಿದೆಯರು, ಕೈಯಲ್ಲಿ ಹಾರ. ಒಳಗೆ ಬಂದು ಒಂದು ಮಾತು ಆಡಿದರೆ ಸಾಕು, ಎಲ್ಲ ಬಯಲು. ನಾನು ಓಡಿ ಹೋಗಿ ಅವರನ್ನು ಓಣಿಯ ತುದಿಯಲ್ಲಿ ತಡೆದೆ. ಬೀಗರು ಹೋಗಲಿ, ಆಮೇಲೆ ಬನ್ನಿ ಎಂದು ಕೈ ಮುಗಿದೆ. ಮೂವತ್ತು ವರ್ಷ ಜೊತೆಗೆ ದುಡಿದವರು, ಬಿಸಿಲಲ್ಲಿ ಹಾರ ಹಿಡಿದು ನಿಂತರು. "ಅವರ್ಯಾಕ ಅಲ್ಲೇ ನಿಂತಾರ? ಒಳಗ ಕರೀರಲ್ಲ" ಎಂದು ಬೀಗತಿ ಕೇಳಿದರು. ಬೇರೆ ಮನೆಗೆ ಬಂದವರು ಅಂದೆ. ಅವರು ನನ್ನನ್ನೊಮ್ಮೆ ನೋಡಿ, ಹೋಗಿ ಸೊಸೆಯ ಪಕ್ಕ ಕೂತರು. ಮಾಸ್ತರರು ಒಳಗೆ ಬರುವ ಹೊತ್ತಿಗೆ ಹಾರ ಬಾಡಿತ್ತು. ಇದನ್ನು ಬರೆಯುವಾಗಲೂ ನನಗೆ ನಾಚಿಕೆಯಾಗುತ್ತದೆ.

ಹೋದ ವಾರ ಆ ಶಾಲೆಯ ಜಗಲಿಯ ಮೇಲೆ ಎದೆ ಹೊಡೆದುಕೊಂಡದ್ದು ಬರೀ ವಾಸನೆಗಲ್ಲ. ಹುಡುಗಿ ನಾಟಕದಲ್ಲಿ ತನ್ನ ಮಾತು ಮುಗಿಸಿದ ಮೇಲೆ, ಮುಖ ಜನರ ಕಡೆ ಇಟ್ಟು, ಹಿಂದಕ್ಕೆ ಹೆಜ್ಜೆ ಇಡುತ್ತ ಪರದೆಯ ಸಂದಿಗೆ ಸರಿದಿದ್ದಳು. ಅದನ್ನು ಅವಳಿಗೆ ಶಾಲೆಯಲ್ಲಿ ಯಾರೂ ಕಲಿಸಿರಲಿಲ್ಲ. ನಾನು ಎಣ್ಣೆ ಅರಿವೆಯಿಂದ ಅವಳ ಗಲ್ಲ ಉಜ್ಜುತ್ತಲೇ ಇದ್ದೆ, ಬೀಗತಿಯ ಕಡೆ ನೋಡಲಿಲ್ಲ. ಮುಖ ತೊಳೆದುಕೊಳ್ಳಲು ಹುಡುಗಿ ನಲ್ಲಿಯ ಕಡೆ ಓಡಿದಳು.

"ಕೂಸಿಗೆ ಅಜ್ಜಿ ನಡಿಗಿ ಬಂದೈತ್ರಿ" ಅಂದರು ಬೀಗತಿ.

ಯಾವ ಅಜ್ಜಿ ಎಂದೆ.

"ಸಾಕ ಬಿಡ್ರಿ ಬೀಗರ, ಇನ್ನ ಎಷ್ಟ ದಿನ ಅಂಜತೀರಿ. ಆವತ್ತ ಚಾ ಇಟ್ಟು ಹಿಂದಕ್ಕ ಹೆಜ್ಜಿ ಹಾಕಿದ್ಲಲ್ಲ, ಆವತ್ತ ಗುರ್ತ ಹಿಡದೀನಿ. ನನ್ನ ತವರು ಸಿದ್ದಾಪುರ. ನಮ್ಮವ್ವ ಸತ್ತಾಗ ನನಗ ಅಳು ಬಂದಿರ್ಲಿಲ್ಲ, ಕಲ್ಲಾಗಿ ಕುಂತಿದ್ದೆ. ಅದ ವರ್ಷ ಊರಾಗ ನಾಟಕ ಇತ್ತು. ಮೂರನೇ ಸೀನಿನ್ಯಾಗ ಆಕಿ ಸತ್ಲು ನೋಡ್ರಿ, ಆಗ ಅತ್ತೆ. ಇಡೀ ವರ್ಷದ್ದು ಅತ್ತೆ. ಮುಂಜಾನೆದ್ದು ಆಕಿ ಇಳದಿದ್ದ ಮನಿಗೆ ಹೋಗಿ ಒಂದು ಚರಿಗಿ ಹಾಲ ಕೊಟ್ಟು ಬಂದೀನಿ. ಆ ಮಾರಿ ಮರಿತೀನೇನ್ರಿ ನಾನು?"

ಯಾಕೆ ಹೇಳಲಿಲ್ಲ ಎಂದು ಕೇಳಿದೆ. ಕೇಳುವ ಮುಖ ನನಗೆಲ್ಲಿತ್ತು, ಆದರೂ ಕೇಳಿದೆ.

"ನಮ್ಮನಿಯವರು ಇರೂತನಕ ಹೆಂಗ ಹೇಳ್ಲಿ? ಸಂಬಂಧ ಮುರದಬಿಡ್ತಿದ್ರು. ಅವರು ಹೋದ ಮ್ಯಾಲ ನೀವ ಹೇಳ್ತೀರಿ ಅಂತ ಕಾದೆ. ಮುಚ್ಚಿಟ್ಟೋರು ನೀವು, ನಾ ಬಿಚ್ಚಿದ್ರ ನಿಮ್ಮ ಮರ್ಯಾದಿಗೆ ಕಡಿಮಿ ಅಲ್ಲೇನ್ರಿ."

ಬೀಗರು ಹೋದ ಮೇಲೆ ಅಕ್ಕ ಇದ್ದದ್ದು ಐದು ವರ್ಷ. ಅವರು ಕಾದಿದ್ದರು, ನಾನು ಹೆದರಿದ್ದೆ. ನಡುವೆ ಅಕ್ಕ ನನ್ನ ಹಿತ್ತಲ ಬಾಗಿಲಿನಿಂದ ಬಂದು ಹೋಗುತ್ತಿದ್ದಳು. ಅಕ್ಕನ ಮಗಳು ಟವೆಲು ಹಿಡಿದು ಬಂದಳು, ನಮ್ಮಿಬ್ಬರ ಮುಖ ನೋಡಿ ನಿಂತಳು. ಬೀಗತಿಯೇ ಹೇಳಿದರು. ಅವಳು ಜಗಲಿಯ ಮೆಟ್ಟಿಲ ಮೇಲೆ ಕೂತುಬಿಟ್ಟಳು. "ತಾಯಿ ಮಾರಿ ಯಾರೂ ನೆನಪಿಡೂದಿಲ್ಲ ಅಂತಿದ್ಲು ಅವ್ವ..." ಅಂದಳು. ಅವ್ವ ಎಂದು ಅವಳು ಅತ್ತೆಯ ಎದುರು ಅಂದದ್ದು ಅದೇ ಮೊದಲು. ನನ್ನ ಕಡೆ ನೋಡಲಿಲ್ಲ. ನೋಡಬೇಕಾಗಿಯೂ ಇರಲಿಲ್ಲ.

ಹೊರಡುವಾಗ ಬೀಗತಿ ಒಂದು ಮಾತು ಕೇಳಿದರು. ಅಕ್ಕನ ಒಂದು ಫೋಟೋ ಕೊಡಿ, ಪಡಸಾಲೆಯಲ್ಲಿ ನಮ್ಮ ಹಿರಿಯರ ಸಾಲಿನಲ್ಲಿ ಹಾಕುತ್ತೇವೆ ಎಂದು.

ಕುಷ್ಟಗಿಗೆ ಬಂದಾಗಿನಿಂದ ಹುಡುಕುತ್ತಿದ್ದೇನೆ. ಹ್ಯಾಂಡ್‌ಬಿಲ್ಲುಗಳನ್ನು ನಾನೇ ಸುಡಿಸಿದ್ದೆ. ಪೇಟಿ ಮಾಸ್ತರರನ್ನು ಕೇಳಲು ಹೋದೆ, ಅವರೂ ಹೋದ ವರ್ಷ ತೀರಿಕೊಂಡರಂತೆ. ಮೊಬೈಲು ಎತ್ತಿದರೆ ಸೆರಗು ಅಡ್ಡ ಹಿಡಿಯುತ್ತಿದ್ದವಳು ಮೊಬೈಲಿನಲ್ಲೂ ಇಲ್ಲ. ಆಧಾರ್ ಕಾರ್ಡಿನ ಕಪ್ಪು ಚಿತ್ರವನ್ನು ಮಗಳಿಗೆ ಕಳಿಸಿದೆ, ಇದು ಅವ್ವ ಅಲ್ಲ ಎಂದಳು. ಮದುವೆಯ ಆಲ್ಬಮ್ಮಿನಲ್ಲಿ ಕಂಬವಿದೆ, ಕಂಬದ ಆಚೆ ಸೆರಗಿನ ಅಂಚಿದೆ.

ಕೊನೆಗೆ ತೊಟ್ಟಿಲಿನ ದಿನದ ಒಂದು ಚಿತ್ರ ಸಿಕ್ಕಿತು. ಬೀಗತಿ ಎಲ್ಲರೆದುರು ಕರೆದು ಕೂಸನ್ನು ಎತ್ತಿಸಿದ ಗಳಿಗೆಯದು. ಕ್ಯಾಮೆರಾ ಕಂಡು ಅವಳು ಮುಖ ತಿರುಗಿಸಿದ್ದಾಳೆ, ಬೆನ್ನು ಮಾತ್ರ ಕಾಣುತ್ತದೆ. ಬದುಕಿನಲ್ಲಿ ಯಾರಿಗೂ ಬೆನ್ನು ತೋರಿಸದವಳ ಬೆನ್ನು. ಅವಳ ಹೆಗಲ ಮೇಲಿಂದ ಕೂಸು ನಮ್ಮ ಕಡೆ ನೋಡುತ್ತಿದೆ.

ನಿನ್ನೆ ಅದನ್ನೇ ದೊಡ್ಡದು ಮಾಡಿಸಲು ಸ್ಟುಡಿಯೋಕ್ಕೆ ಕೊಟ್ಟು ಬಂದೆ. ಮುಖ ಕಾಣುವುದಿಲ್ಲವಲ್ಲ, ಯಾರಿದು ಎಂದು ಸ್ಟುಡಿಯೋದವನು ಕೇಳಿದ. ನನ್ನ ಮೊಮ್ಮಗಳೆಂದು ಕಾರಟಗಿಯೆಲ್ಲ ತಿಳಿದಿರುವ ಆ ಕೂಸನ್ನು ತೋರಿಸಿ, "ಇದರ ಅಜ್ಜಿ" ಅಂದೆ.